ಒಂದೇ ದನಿ, ಎರಡು ತೂಕ

ಮುಖ ನೋಡದೆ, ಬರೀ ದನಿ ಕೇಳಿ ಒಬ್ಬ ಮನುಷ್ಯ ಎಷ್ಟು ಎತ್ತರ ಇದ್ದಾನೆ ಅಂತ ಹೇಳೋಕೆ ಆಗುತ್ತಾ? ಕೆನಡಾದ ಮಾಂಟ್ರಿಯಲ್ ನಗರದ ವಿದ್ಯಾರ್ಥಿಗಳು ಹಿಂದೆಮುಂದೆ ನೋಡದೆ ಹೇಳಿಬಿಟ್ಟರು. ಮನಶ್ಶಾಸ್ತ್ರಜ್ಞ ವಾಲೇಸ್ ಲ್ಯಾಂಬರ್ಟ್ ಮತ್ತು ಅವರ ಜೊತೆಗಾರರು 1960ರಲ್ಲಿ ಪ್ರಕಟಿಸಿದ ಪ್ರಯೋಗ ಇದು. ವಿದ್ಯಾರ್ಥಿಗಳಿಗೆ ಒಂದಷ್ಟು ಧ್ವನಿಮುದ್ರಣ ಕೇಳಿಸಿದರು. ಎಲ್ಲ ದನಿಗಳೂ ಓದುತ್ತಿದ್ದದ್ದು ಒಂದೇ ಬರಹ. ಕೆಲವು ಇಂಗ್ಲಿಷಿನಲ್ಲಿ, ಕೆಲವು ಫ್ರೆಂಚಿನಲ್ಲಿ. ಓದುತ್ತಿರುವವನ ಎತ್ತರ, ರೂಪ, ಬುದ್ಧಿ, ನಂಬಿಕೆ ಹೀಗೆ ಒಂದೊಂದಕ್ಕೂ ಅಂಕ ಕೊಡಬೇಕಿತ್ತು.

ಇದರಲ್ಲೊಂದು ಕಣ್ಕಟ್ಟು ಇತ್ತು. ಎರಡೂ ಭಾಷೆ ಸಲೀಸಾಗಿ ಬಲ್ಲ ನಾಲ್ಕು ಜನ ಎರಡೆರಡು ಸಲ ಓದಿದ್ದರು. ಕೇಳುತ್ತಿದ್ದವರು ಅವರನ್ನೆಲ್ಲ ಬೇರೆ ಬೇರೆ ಜನ ಅಂದುಕೊಂಡರು.

ಅದೇ ಗಂಟಲು ಇಂಗ್ಲಿಷ್ ಓದಿದಾಗ ಎತ್ತರದ, ನೋಡೋಕೆ ಚೆನ್ನಾಗಿರುವ, ಜಾಣ ಮನುಷ್ಯನಾಯಿತು. ಫ್ರೆಂಚ್ ಓದಿದಾಗ ಇಂಥ ಗುಣಗಳಲ್ಲಿ ಒಂದು ಮೆಟ್ಟಿಲು ಕೆಳಗೆ. ಇಂಗ್ಲಿಷ್ ಮನೆಮಾತಿನವರು ಹೀಗೆ ಮಾಡಿದ್ದರೆ ಭಾಷಾಭಿಮಾನ ಅಂದು ಸುಮ್ಮನಾಗಬಹುದಿತ್ತು. ಆದರೆ ಫ್ರೆಂಚ್ ಮನೆಮಾತಿನವರೂ ಇಂಗ್ಲಿಷ್ ದನಿಗೇ ಜಾಸ್ತಿ ಅಂಕ ಕೊಟ್ಟರು. ಆಗ ಆ ಊರಲ್ಲಿ ಫ್ರೆಂಚ್ ಮಾತಾಡುವವರೇ ಹೆಚ್ಚು. ದೊಡ್ಡ ಕಂಪನಿಗಳ ಮೇಲಿನ ಕುರ್ಚಿಗಳು ಮಾತ್ರ ಬಹುಪಾಲು ಇಂಗ್ಲಿಷಿನವರದ್ದು. ವಿದ್ಯಾರ್ಥಿಗಳು ಅಂಕ ಕೊಟ್ಟದ್ದು ಆ ಕುರ್ಚಿಗಳಿಗೆ.

ಫ್ರೆಂಚ್ ಕೇಳುಗರು ತಮ್ಮ ಭಾಷೆಯ ದನಿಗೆ ಉಳಿಸಿಟ್ಟ ಗುಣಗಳು ಎರಡೇ ಎರಡು: ದೈವಭಕ್ತಿ ಮತ್ತು ದಯೆ. ಆಮೇಲೆ ಬೇರೆ ಬೇರೆ ಕಡೆ ನಡೆದ ಇಂಥ ಎಷ್ಟೋ ಪ್ರಯೋಗಗಳಲ್ಲಿ ಈ ಪಾಲುಪಟ್ಟಿ ಮತ್ತೆ ಮತ್ತೆ ಕಾಣಿಸಿಕೊಂಡಿದೆ. ಕೈ ಮೇಲಾದವರ ಮಾತಿಗೆ ಜಾಣತನ, ಉಳಿದವರ ಮಾತಿಗೆ ಒಳ್ಳೆತನ. "ಪಾಪ, ಮನಸ್ಸು ಒಳ್ಳೇದು" ಅಂತೀವಲ್ಲ, ಆ ಥರದ ಸಮಾಧಾನದ ಬಹುಮಾನ.

ಈ ಪಾಲುಪಟ್ಟಿ ಯಾವ ವಯಸ್ಸಿನಲ್ಲಿ ತಲೆಗೆ ಹತ್ತುತ್ತದೆ ಅನ್ನುವುದಕ್ಕೂ ಸುಳಿವಿದೆ. ಅಮೆರಿಕದ ಉತ್ತರದವರ ಇಂಗ್ಲಿಷಿಗೂ ದಕ್ಷಿಣದವರ ಇಂಗ್ಲಿಷಿಗೂ ಧಾಟಿ ಬೇರೆ. ಕ್ಯಾಥರೀನ್ ಕಿನ್ಜ್ಲರ್ ಮತ್ತು ಜ್ಯಾಸ್ಮಿನ್ ಡಿಜೀಸಸ್ ಇಲಿನಾಯ್ ಹಾಗೂ ಟೆನೆಸಿ ರಾಜ್ಯಗಳ ಮಕ್ಕಳಿಗೆ ಎರಡೂ ಧಾಟಿ ಕೇಳಿಸಿದರು. 5–6 ವರ್ಷದವರಿಗೆ ಯಾರು ಜಾಣರು, ಯಾರು ಒಳ್ಳೆಯವರು ಅನ್ನುವ ಲೆಕ್ಕ ಇನ್ನೂ ಬಂದಿರಲಿಲ್ಲ. 9–10 ವರ್ಷದವರಿಗೆ ಬಂದಿತ್ತು. ಉತ್ತರದ ಧಾಟಿಯವರು ಜಾಣರು, ದಕ್ಷಿಣದವರು ಒಳ್ಳೆಯವರು. ದಕ್ಷಿಣದ ಟೆನೆಸಿಯಲ್ಲೇ ಬೆಳೆದ ಮಕ್ಕಳೂ ಹಾಗೇ ಹೇಳಿದರು.

ಇಷ್ಟಾದರೂ, ಕೆಲವು ಮಾತಿನ ಸದ್ದೇ ಹಿತ ಅಲ್ವಾ ಅಂತ ಯಾರಾದರೂ ಕೇಳಬಹುದು. ಇದನ್ನೂ ಪರೀಕ್ಷೆ ಮಾಡಿದ್ದಾರೆ. ಗ್ರೀಸಿನಲ್ಲಿ ಅಥೆನ್ಸಿನವರ ಮಾತಿಗೆ ಮರ್ಯಾದೆ ಜಾಸ್ತಿ, ಕ್ರೀಟ್ ದ್ವೀಪದವರ ಮಾತಿಗೆ ಕಡಿಮೆ. 1970ರ ದಶಕದಲ್ಲಿ ಹೋವರ್ಡ್ ಗೈಲ್ಸ್ ಮತ್ತು ಜೊತೆಗಾರರು ಗ್ರೀಕ್ ಒಂದಕ್ಷರವೂ ಬಾರದ ಬ್ರಿಟಿಷ್ ವಿದ್ಯಾರ್ಥಿಗಳಿಗೆ ಎರಡನ್ನೂ ಕೇಳಿಸಿದರು. ಯಾವುದು ಮೇಲು, ಯಾವುದು ಕೀಳು ಅನ್ನುವ ವ್ಯತ್ಯಾಸ ಅವರಿಗೆ ಸಿಗಲೇ ಇಲ್ಲ.

ನನಗೆ ಇದಕ್ಕಿಂತ ಇಷ್ಟವಾದ ಸಾಕ್ಷಿ ಒಂದೇ ಒಂದು ವ್ಯಂಜನದ ಕಥೆ. 1962ರಲ್ಲಿ ಭಾಷಾವಿಜ್ಞಾನಿ ವಿಲಿಯಂ ಲಬೊವ್ ನ್ಯೂಯಾರ್ಕಿನ ಮೂರು ದೊಡ್ಡ ಮಳಿಗೆಗಳಿಗೆ ಹೋದರು. ಸ್ಯಾಕ್ಸ್ ಸಿರಿವಂತರದ್ದು, ಮೇಸೀಸ್ ಮಧ್ಯಮದವರದ್ದು, ಎಸ್. ಕ್ಲೈನ್ ಅಗ್ಗದ್ದು. ನಾಲ್ಕನೇ ಮಹಡಿಯಲ್ಲಿ ಏನು ಸಿಗುತ್ತದೆ ಅಂತ ಮೊದಲೇ ನೋಡಿಟ್ಟುಕೊಳ್ಳುವುದು. ಕೆಳಗೆ ಬಂದು, ಅದು ಎಲ್ಲಿದೆ ಅಂತ ಕೆಲಸದವರನ್ನು ಕೇಳುವುದು. "ಫೋರ್ತ್ ಫ್ಲೋರ್" ಅನ್ನುತ್ತಾರೆ. ಕಿವಿ ಕೇಳಿಸದವರ ಹಾಗೆ ಮುಂದಕ್ಕೆ ಬಾಗಿ "ಏನಂದ್ರಿ?" ಅನ್ನುವುದು. ಅವರು ಮತ್ತೊಮ್ಮೆ, ಈ ಸಲ ಬಿಡಿಸಿ ಹೇಳುತ್ತಾರೆ. ಆಚೆ ಹೋಗಿ, ಅವರ ಕಣ್ಣಿಗೆ ಬೀಳದ ಹಾಗೆ ಗುರುತು ಹಾಕಿಕೊಳ್ಳುವುದು: "ರ್" ಬಂತೋ, ಇಲ್ಲ "ಫೋತ್ ಫ್ಲೋ" ಅಂದರೋ? ಹೀಗೆ 264 ಜನ. ಒಂದು ಸಲವಾದರೂ "ರ್" ಅಂದವರು ಸ್ಯಾಕ್ಸ್‌ನಲ್ಲಿ ನೂರಕ್ಕೆ 62, ಮೇಸೀಸ್‌ನಲ್ಲಿ 51, ಕ್ಲೈನ್‌ನಲ್ಲಿ ಸುಮಾರು 20. ಗಿರಾಕಿಯ ಜೇಬಿಗೆ ತಕ್ಕ ಹಾಗೆ ನಾಲಿಗೆ ಹೊರಳುತ್ತಿತ್ತು.

ಅಂದರೆ "ರ್" ದೊಡ್ಡವರ ಗುರುತು ಅಂತಾಯಿತು. ಈಗ ಇಂಗ್ಲೆಂಡಿಗೆ ಬನ್ನಿ. ಅಲ್ಲಿ ದೊಡ್ಡವರ ಇಂಗ್ಲಿಷಿನಲ್ಲಿ ಆ ಜಾಗದಲ್ಲಿ "ರ್" ಇಲ್ಲವೇ ಇಲ್ಲ. ಅದನ್ನು ಒತ್ತಿ ಹೇಳಿದರೆ ಹೊಲದಿಂದ ಎದ್ದು ಬಂದವನು ಅಂದುಕೊಳ್ಳುತ್ತಾರೆ. ಅಷ್ಟು ದೂರವೂ ಬೇಡ. ನ್ಯೂಯಾರ್ಕಿನ ಸಿರಿವಂತ ಮನೆತನದ ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್ ಅವರ ಭಾಷಣ ಕೇಳಿ ನೋಡಿ. ಅವರೂ "ರ್" ನುಂಗುತ್ತಿದ್ದರು. ಆಗ ಅದೇ ಘನತೆ. ಎರಡನೇ ಮಹಾಯುದ್ಧದ ನಂತರ ಗಾಳಿ ತಿರುಗಿತು. ಸದ್ದು ಅದೇ, ಬೆಲೆ ಮಾತ್ರ ಉಲ್ಟಾ.

ಇಲ್ಲಿಯವರೆಗೆ ಹೇಳಿದ್ದು ಮಾತು ಕೇಳಿದ ಮೇಲೆ ಕೊಡುವ ತೀರ್ಪಿನ ಬಗ್ಗೆ. ನಂಬಿಕೆ ಅದಕ್ಕಿಂತ ಮೊದಲೇ ಕೈ ಹಾಕುತ್ತದೆ. ನ್ಯಾನ್ಸಿ ನೀಡ್ಜೆಲ್ಸ್ಕಿ 1999ರಲ್ಲಿ ಅಮೆರಿಕದ ಡೆಟ್ರಾಯಿಟ್‌ನವರಿಗೆ ಒಬ್ಬ ಹೆಂಗಸಿನ ಮಾತು ಕೇಳಿಸಿದರು. ಆಕೆಯೂ ಡೆಟ್ರಾಯಿಟ್‌ನವಳೇ. ಅರ್ಧ ಜನರ ಹಾಳೆಯಲ್ಲಿ ಆಕೆ ಅದೇ ಸೀಮೆಯವಳು ಅಂತ ಇತ್ತು, ಉಳಿದವರ ಹಾಳೆಯಲ್ಲಿ ಪಕ್ಕದ ಕೆನಡಾದವಳು ಅಂತ. ಆಕೆಯ ಮಾತಿನ ಒಂದು ಸ್ವರಾಕ್ಷರಕ್ಕೆ ಹೊಂದುವ ಉಚ್ಚಾರ ಯಾವುದು ಅಂತ ಕೆಲವು ಮಾದರಿಗಳಲ್ಲಿ ಆರಿಸಬೇಕು. ಕೆನಡಾ ಅಂತ ಓದಿದವರು ಕೆನಡಾದ್ದು ಅಂತ ಹೆಸರಾದ ಉಚ್ಚಾರವನ್ನೇ ಆರಿಸಿದರು. ಆಕೆಯ ಬಾಯಲ್ಲಿ ಇದ್ದದ್ದೂ ಅದೇ. ನಮ್ಮವಳು ಅಂತ ಓದಿದವರಿಗೆ ಅದು ಕೇಳಿಸಲಿಲ್ಲ. ತಮ್ಮೂರಿನವರು ಮಾತಾಡುವುದೇ ಶುದ್ಧ ಇಂಗ್ಲಿಷ್ ಅಂತ ಅವರು ನಂಬಿದ್ದರು.

ಇದು ಪ್ರಯೋಗಾಲಯದಲ್ಲಿ ತಮಾಷೆ. ಕೋರ್ಟಿನಲ್ಲಿ ಅಲ್ಲ. ಅಮೆರಿಕದ ಕೋರ್ಟುಗಳಲ್ಲಿ ಆಡಿದ ಮಾತನ್ನೆಲ್ಲ ಅಕ್ಷರಶಃ ಬರೆದುಕೊಳ್ಳುವ ವೃತ್ತಿಯವರಿದ್ದಾರೆ. ನೂರಕ್ಕೆ 95ರಷ್ಟಾದರೂ ಸರಿಯಾಗಿ ಬರೆದರೆ ಮಾತ್ರ ಅವರಿಗೆ ಪ್ರಮಾಣಪತ್ರ. ಫಿಲಡೆಲ್ಫಿಯಾದ ಇಂಥ 27 ಜನರಿಗೆ ಭಾಷಾವಿಜ್ಞಾನಿಗಳು ಕಪ್ಪು ಜನರ ಇಂಗ್ಲಿಷಿನ ವಾಕ್ಯಗಳನ್ನು ಕೇಳಿಸಿದರು. 2019ರಲ್ಲಿ ಬಂದ ಫಲಿತಾಂಶ: ಪೂರ್ತಿ ಸರಿಯಾಗಿ ಬರೆದ ವಾಕ್ಯಗಳು ನೂರಕ್ಕೆ 60ರ ಆಸುಪಾಸು. "ಅವನು ಆ ಏರಿಯಾದಲ್ಲಿ ಇರೋದಿಲ್ಲ" ಅನ್ನುವ ಅರ್ಥದ ವಾಕ್ಯ ಒಂದು ಹಾಳೆಯಲ್ಲಿ "ನಾವು ಈ ಏರಿಯಾದಲ್ಲಿ ಇರ್ತೀವಿ" ಅಂತ ಇಳಿದಿತ್ತು. ಅವನು ಹೋಗಿ ನಾವು ಆಯಿತು, ಇಲ್ಲ ಹೋಗಿ ಹೌದು ಆಯಿತು. ಅಂಥ ಒಂದು ಸಾಲಿನ ಮೇಲೆ ಒಬ್ಬನ ಜೈಲುವಾಸ ನಿಂತಿರಬಹುದು.

ಆ ಇಂಗ್ಲಿಷಿಗೆ ಗಟ್ಟಿ ವ್ಯಾಕರಣ ಇದೆ. "ಹಿ ವರ್ಕಿಂಗ್" ಅಂದರೆ ಅವನು ಈಗ ಕೆಲಸ ಮಾಡುತ್ತಿದ್ದಾನೆ. "ಹಿ ಬಿ ವರ್ಕಿಂಗ್" ಅಂದರೆ ಯಾವಾಗಲೂ ಕೆಲಸ ಮಾಡುತ್ತಿರುತ್ತಾನೆ, ಈ ಕ್ಷಣದ ಮಾತು ಬೇರೆ. ಈ ವ್ಯತ್ಯಾಸವನ್ನು ಪಠ್ಯಪುಸ್ತಕದ ಇಂಗ್ಲಿಷ್ ಕ್ರಿಯಾಪದದ ಕಾಲ ಬದಲಿಸಿ ತೋರಿಸುತ್ತದೆ, ಇದು "ಬಿ" ಸೇರಿಸಿ ತೋರಿಸುತ್ತದೆ. ಆದರೆ ಅದು ಕೆಟ್ಟ ಇಂಗ್ಲಿಷ್ ಅಂತ ತೀರ್ಮಾನ ಆಗಿಬಿಟ್ಟಿದೆ. ತಪ್ಪಿನ ವ್ಯಾಕರಣವನ್ನು ಯಾರು ಕೂತು ಕಲಿಯುತ್ತಾರೆ ಹೇಳಿ?

ನಮ್ಮ ಮಾತಿಗೂ ಇದು ಹೊರತಲ್ಲ. "ಹುಲಿ" ಅನ್ನಲು ಹೋಗಿ "ಉಲಿ" ಅಂದವರನ್ನು ನೋಡಿ ನಗದವರು ಕಡಿಮೆ. ಆ ನಗುವಿಗೆ ಹೆದರಿ, ಬೇಡದ ಕಡೆಯೂ ಹಕಾರ ಹಾಕಿ "ಹಾಯ್ತು" ಅನ್ನುವವರಿದ್ದಾರೆ. ಅವರಿಗೆ ಇನ್ನೂ ಜೋರು ನಗು. ಹಳಗನ್ನಡದವರ ಕಿವಿಗೆ "ಹುಲಿ"ಯೇ ಸರಿ ಇರಲಿಲ್ಲ ಅನ್ನುವುದು ಬೇರೆ ಮಾತು. ಅವರದು "ಪುಲಿ". ಹೂವು ಪೂ ಆಗಿತ್ತು, ಹೋಗುವುದು ಪೋಗುವುದಾಗಿತ್ತು. ಪಕಾರ ಸಡಿಲವಾಗಿ ಹಕಾರವಾಯಿತು, ಆ ಹಕಾರವೂ ಕೆಲವರ ಬಾಯಲ್ಲಿ ಕರಗಿತು. ಮೊದಲನೆಯದಕ್ಕೆ ಹೊಸಗನ್ನಡ ಅಂತ ಹೆಸರು, ಎರಡನೆಯದಕ್ಕೆ ತಪ್ಪುಗನ್ನಡ ಅಂತ. ಅದೇ ಫ್ರೆಂಚರು "ಹೋಟೆಲ್" ಅನ್ನುವುದನ್ನು "ಓತೆಲ್" ಅಂದರೆ ಎಷ್ಟು ನಾಜೂಕು ಅನ್ನಿಸುತ್ತದೆ!

ಹಕಾರದ ಈ ಗೇಲಿ ಹಳೇದು. ಎರಡು ಸಾವಿರ ವರ್ಷಕ್ಕೂ ಹಿಂದೆ ರೋಮಿನ ಕವಿ ಕ್ಯಾಟುಲಸ್, ಆರಿಯಸ್ ಅನ್ನುವವನೊಬ್ಬನ ಮೇಲೆ ಪದ್ಯ ಕಟ್ಟಿದ್ದ. ದೊಡ್ಡವರ ಹಾಗೆ ಮಾತಾಡಬೇಕು ಅನ್ನುವ ಹುಮ್ಮಸ್ಸಿನಲ್ಲಿ ಅವನು "ಇನ್ಸಿಡಿಯಾಸ್" ಅನ್ನುವುದನ್ನು "ಹಿನ್ಸಿಡಿಯಾಸ್" ಅನ್ನುತ್ತಿದ್ದನಂತೆ. ಹಕಾರ ಎಲ್ಲಿರಬೇಕು ಅಂತ ಬಲ್ಲವರು ಓದಿ ನಕ್ಕಿರಬೇಕು. ಆಮೇಲೆ ಲ್ಯಾಟಿನ್ ಒಡೆದು ಇಟಾಲಿಯನ್, ಫ್ರೆಂಚ್, ಸ್ಪ್ಯಾನಿಷ್ ಆಯಿತು. ಲ್ಯಾಟಿನ್ನಿನ ಆ ಹಕಾರ ಮೂರರಲ್ಲಿ ಒಂದಕ್ಕೂ ಬರಲಿಲ್ಲ. ಬರವಣಿಗೆಯಲ್ಲಿ ಅಲ್ಲಲ್ಲಿ ಆ ಅಕ್ಷರ ಉಳಿದಿದೆ, ಉಚ್ಚರಿಸುವವರಿಲ್ಲ.