ಪಕ್ಕದ ಗದ್ದೆಯವರು ನೀರಿನ ಕಾಲುವೆ ಮುಚ್ಚಿದರೆ ಏನು ಮಾಡಬೇಕು?

ಪ್ರಶ್ನೆ: ನಮ್ಮದು ಮಂಡ್ಯ ತಾಲ್ಲೂಕು. ವಿ.ಸಿ. (ವಿಶ್ವೇಶ್ವರಯ್ಯ) ನಾಲೆಯ ತೂಬಿನಿಂದ ಪಕ್ಕದವರ ಗದ್ದೆ ಹಾದು ನಮ್ಮ ಗದ್ದೆಗೆ ತಾತನ ಕಾಲದಿಂದಲೂ ನೀರು ಬರುತ್ತಿತ್ತು. ಈ ಬೇಸಿಗೆಯಲ್ಲಿ ಅವರು ಕಾಲುವೆಗೆ ಮಣ್ಣು ತುಂಬಿ ಉತ್ತುಬಿಟ್ಟಿದ್ದಾರೆ. ಕೋರ್ಟಿಗೆ ಹೋಗಬಹುದೇ?

ಉತ್ತರ: ಹೋಗಬಹುದು. ಆದರೆ ಮೊದಲು ಆ ಕಾಲುವೆ ಯಾರದು ಎಂದು ತಿಳಿಯಬೇಕು. ಗ್ರಾಮ ನಕಾಶೆ, ಎರಡೂ ಜಮೀನಿನ ಟಿಪ್ಪಣಿ (ಸರ್ವೆ ಅಳತೆಯ ನಕ್ಷೆ), ಪಹಣಿ ತೆಗೆಸಿ. ಸರ್ಕಾರಿ ಹೊಲಗಾಲುವೆಯಾದರೆ ನಿಮ್ಮ ಭಾಗದ ನೀರಾವರಿ ಎಂಜಿನಿಯರಿಗೂ ತಹಶೀಲ್ದಾರರಿಗೂ ಲಿಖಿತ ದೂರು ಕೊಟ್ಟು ಸ್ವೀಕೃತಿ ಪಡೆಯಿರಿ. 1965ರ ಕರ್ನಾಟಕ ನೀರಾವರಿ ಕಾಯ್ದೆಯಡಿ ಅದಕ್ಕೆ ಅಡ್ಡಿ ಮಾಡುವುದು ಅಪರಾಧ. ಎಷ್ಟೋ ತಕರಾರು ಇಲ್ಲಿಗೇ ಮುಗಿಯುತ್ತದೆ.

ಕಾಲುವೆ ಪಕ್ಕದವರ ಸ್ವಂತ ಜಮೀನಿನಲ್ಲಿದ್ದರೆ ನಿಮಗಿರುವುದು ಅನುಭೋಗದ ಹಕ್ಕು (ಬೇರೆಯವರ ಜಮೀನನ್ನು ನಮ್ಮ ಜಮೀನಿನ ಅನುಕೂಲಕ್ಕೆ ಬಳಸುವ ಹಕ್ಕು), ಅಂದರೆ ಈಸ್‌ಮೆಂಟ್. ಬಹಿರಂಗವಾಗಿ, ಹಕ್ಕಿನಿಂದ, ತಡೆಯಿಲ್ಲದೆ 20 ವರ್ಷ ನೀರು ಹಾಯಿಸಿಕೊಂಡಿದ್ದೀರಿ ಎಂದು ತೋರಿಸಬೇಕು. ಅವರ ಅನುಮತಿ ಕೇಳಿ ಹಾಯಿಸಿಕೊಂಡಿದ್ದರೆ ಆ ವರ್ಷಗಳು ಲೆಕ್ಕಕ್ಕಿಲ್ಲ. ಅಡ್ಡಿ ಗೊತ್ತಾದ ಮೇಲೂ ಒಂದು ವರ್ಷ ಒಪ್ಪಿಕೊಂಡು ಸುಮ್ಮನಿದ್ದರೆ ಅನುಭೋಗಕ್ಕೆ ತಡೆ ಬಿತ್ತೆಂದೇ ಅರ್ಥ. ದಾವೆಯನ್ನು ಅಡ್ಡಿಯಾದ 2 ವರ್ಷದೊಳಗೆ ಹೂಡಬೇಕು. ಎರಡೂ ಜಮೀನು ಹಿಂದೆ ಒಂದೇ ಕುಟುಂಬದ್ದಾಗಿದ್ದು ಪಾಲಾದಾಗ ಕಾಲುವೆ ಕಣ್ಣಿಗೆ ಕಾಣುವಂತಿದ್ದರೆ ಮಾತ್ರ ವಿಷಯ ಬೇರೆ: ಆಗ 20 ವರ್ಷದ ಲೆಕ್ಕ ಬೇಕಿಲ್ಲ, ವಿಭಾಗ ಪತ್ರವೇ ಮುಖ್ಯ ದಾಖಲೆ.

ದಯವಿಟ್ಟು ರಾತ್ರೋರಾತ್ರಿ ಗುದ್ದಲಿ ಹಿಡಿದು ಕಾಲುವೆ ಬಿಡಿಸಲು ಹೋಗಬೇಡಿ. ಹಕ್ಕಿರುವವನೂ ಅಡ್ಡಿಯನ್ನು ತಾನೇ ಕಿತ್ತುಹಾಕುವಂತಿಲ್ಲ ಎಂದು ಈಸ್‌ಮೆಂಟ್ ಕಾಯ್ದೆಯ 36ನೇ ಕಲಂ ಹೇಳುತ್ತದೆ. ನ್ಯಾಯ ನಿಮ್ಮ ಕಡೆಯಿದ್ದರೂ ಪೊಲೀಸ್ ಕೇಸು ನಿಮ್ಮ ಮೇಲೆ ಬೀಳುತ್ತದೆ. ಹೊಡೆದಾಟದ ಹಂತಕ್ಕೆ ಬಂದಿದ್ದರೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಹಳೆಯ ಸಿ.ಆರ್.ಪಿ.ಸಿ. ಬದಲಿಗೆ ಬಂದ ಕಾಯ್ದೆ) 166ನೇ ಕಲಮಿನಡಿ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು ವಿಚಾರಣೆ ನಡೆಸಬಹುದು. ನಾಲೆ ನೀರಿನಂಥ ಹಂಗಾಮಿನ ಹಕ್ಕಾದರೆ ಕಳೆದ ಹಂಗಾಮಿನಲ್ಲಿ ನೀರು ಹಾಯಿಸಿದ್ದಕ್ಕೆ ಪುರಾವೆ ಬೇಕು.

ಸಿವಿಲ್ ದಾವೆಯಲ್ಲಿ ಮೂರನ್ನೂ ಒಟ್ಟಿಗೆ ಕೇಳಿ: ಹಕ್ಕಿನ ಘೋಷಣೆ, ಮುಂದೆ ಅಡ್ಡಿಪಡಿಸದಂತೆ ಶಾಶ್ವತ ನಿರ್ಬಂಧ, ತುಂಬಿದ ಮಣ್ಣು ತೆಗೆಸುವ ಆದೇಶ. ಹಕ್ಕನ್ನೇ ಅಲ್ಲಗಳೆದಿರುವಾಗ ಬರೀ ನಿರ್ಬಂಧ ಕೇಳಿದ ದಾವೆ ಬಿದ್ದುಹೋಗುವ ಅಪಾಯವಿದೆ. ಇನ್ನೊಂದು ದೊಡ್ಡ ತಪ್ಪು, ಕಾಲುವೆ ಜಾಗ ನನ್ನದೇ ಎಂದೂ ಬರೆದು ಅದರ ಮೇಲೆ ಅನುಭೋಗದ ಹಕ್ಕನ್ನೂ ಕೇಳುವುದು. ಸ್ವಂತ ಜಾಗದ ಮೇಲೆ ಈಸ್‌ಮೆಂಟ್ ಇರುವುದಿಲ್ಲ. ದಾವೆಯ ಷೆಡ್ಯೂಲಿನಲ್ಲಿ (ಆಸ್ತಿಯ ವಿವರ ಬರೆಯುವ ಭಾಗ) ಸರ್ವೆ ನಂಬರು, ಹಿಸ್ಸಾ, ಚಕ್ಕುಬಂದಿಯ ಜೊತೆಗೆ ಕಾಲುವೆಯ ಉದ್ದ, ಅಗಲ, ಅದು ಯಾವ ಮೂಲೆಯಿಂದ ಯಾವ ಮೂಲೆಗೆ ಹೋಗುತ್ತದೆ ಎಂಬುದೂ ಇರಲಿ, ಕೈನಕ್ಷೆ ಲಗತ್ತಿಸಿ.

ಪುರಾವೆಗೆ ಹಳೆಯ ಪಹಣಿಗಳು, ನೀರಿನ ಕಂದಾಯದ ರಸೀದಿ, ನೀರುಗಂಟಿ ಮತ್ತು ಅಕ್ಕಪಕ್ಕದ ರೈತರ ಸಾಕ್ಷ್ಯ ಬೇಕು. ದಾವೆಯ ಜೊತೆಗೇ ತಾತ್ಕಾಲಿಕ ತಡೆಯಾಜ್ಞೆಗೂ ಕೋರ್ಟ್ ಕಮಿಷನರ್ (ಸ್ಥಳ ನೋಡಿ ಕೋರ್ಟಿಗೆ ವರದಿ ಕೊಡುವವರು) ನೇಮಕಕ್ಕೂ ಅರ್ಜಿ ಹಾಕಿ. ಮಳೆ ಬಿದ್ದು ಇನ್ನೊಂದು ಉಳುಮೆಯಾದರೆ ಕಾಲುವೆಯ ಕುರುಹೇ ಅಳಿಸಿಹೋಗುತ್ತದೆ. ಅದಕ್ಕೆ ಮುಂಚೆಯೇ ಕಮಿಷನರ್ ಸ್ಥಳ ನೋಡಬೇಕು.

ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗುತ್ತಾರೆ. ಲೋಕ ಅದಾಲತ್‌ನಲ್ಲಿ ರಾಜಿಯಾದರೆ ಕೋರ್ಟ್ ಫೀ ವಾಪಸು, ಮೇಲ್ಮನವಿಯೂ ಇಲ್ಲ. ಆ ರಾಜಿಪತ್ರದಲ್ಲಿ ಕಾಲುವೆಯ ಅಗಲ, ಹೂಳು ತೆಗೆಯುವವರು ಯಾರು, ಕಟ್ಟು ನೀರು (ಸರದಿಯಂತೆ ಬಿಟ್ಟು ಬಿಟ್ಟು ಹರಿಸುವ ನೀರು) ಬಿಟ್ಟಾಗ ಯಾರ ಸರದಿ ಮೊದಲು ಎಂಬುದನ್ನು ಬರೆಸದೆ ಸಹಿ ಹಾಕಬೇಡಿ.