ಎಲುಬಿನ ಇಗರ್ಜಿ ನಮ್ಮೂರಲ್ಲಿ ಯಾಕಿಲ್ಲ?

ಹೊರದೇಶದಲ್ಲಿರುವ ಅಣ್ಣನ ಮಗ ರಜೆಯಲ್ಲಿ ಬರುವಾಗ ಒಂದು ದಪ್ಪ ಪುಸ್ತಕ ಹೊತ್ತು ತಂದಿದ್ದ. ಯುರೋಪಿನ ಎಲುಬಿನ ಇಗರ್ಜಿಗಳ, ಅಂದರೆ ಚರ್ಚುಗಳ, ಚಿತ್ರಪುಸ್ತಕ. ಎಲುಬಿನ ತೋರಣ, ಎಲುಬಿನ ತೂಗುದೀಪ, ನೆಲದಿಂದ ಮಾಡಿನವರೆಗೆ ಜೋಡಿಸಿಟ್ಟ ತಲೆಬುರುಡೆ. ನಾಲ್ಕು ಪುಟ ನೋಡಿದ ಅತ್ತಿಗೆ "ಶಿವ ಶಿವ, ನನಗೆ ಅಡಿಗೆ ಆಗ್ಬೇಕು" ಅಂತ ಎದ್ದು ಹೋದರು. ನೆರೆಮನೆಯ ಬಾಯಮ್ಮ ಮಾತ್ರ ಕನ್ನಡಕ ಏರಿಸಿಕೊಂಡು ಪುಸ್ತಕ ಪೂರ್ತಿ ತಿರುವಿ ಹಾಕಿದರು. ಕೊನೆಗೆ ಕೇಳಿದರು, "ನಮ್ಮ ಬೇಳದ ಇಗರ್ಜಿಯೂ ಹಳತೇ ಅಲ್ವಾ? 1890ರದ್ದು. ಸಿಮಿಸ್ತ್ರಿಯಲ್ಲಿ ಎಷ್ಟು ಜನ ಮಲಗಿದ್ದಾರೆ! ನಮ್ಮಲ್ಲಿ ಯಾಕೆ ಇಂಥದ್ದು ಒಂದೂ ಇಲ್ಲ?" ಬೇಳ ನಮ್ಮ ಕಾಸರಗೋಡಿನ ಊರು. ಸಿಮಿಸ್ತ್ರಿ ಅಂದರೆ ಇಗರ್ಜಿಯ ಸ್ಮಶಾನ.

ಅವರವರ ಪದ್ಧತಿ ಅಂತ ಹೇಳಿ ಮುಗಿಸಬಹುದಿತ್ತು. ಅದು ಸುಳ್ಳೂ ಅಲ್ಲ. ಆದರೆ ನನ್ನ ಬಾಯಿಗೆ ಬಂದದ್ದು ಬೇರೆ: "ಮಣ್ಣು, ಬಾಯಮ್ಮ. ನಮ್ಮ ಮಣ್ಣು ತಿಂದ ಎಲುಬನ್ನು ಹಿಂದೆ ಕೊಡುವುದಿಲ್ಲ."

ಯುರೋಪಿನವರು ಎಲುಬಿನ ಹುಚ್ಚು ಹಿಡಿದು ಇದನ್ನೆಲ್ಲ ಮಾಡಿದ್ದಲ್ಲ. ಜಾಗ ಸಾಲಲಿಲ್ಲ, ಅಷ್ಟೆ. ಚೆಕ್ ದೇಶದ ಸೆಡ್ಲೆಟ್ಸ್ ಮಠದ ಕತೆ ನೋಡಿ. 1278ರಲ್ಲಿ ಅಲ್ಲಿನ ಮಠಾಧಿಪತಿ ಜೆರುಸಲೇಮಿಗೆ ಹೋಗಿ, ಏಸುವನ್ನು ಶಿಲುಬೆಗೇರಿಸಿದ ಗುಡ್ಡೆಯ ಮಣ್ಣು ತಂದು ಸಿಮಿಸ್ತ್ರಿಯಲ್ಲಿ ಚೆಲ್ಲಿದರಂತೆ. ಅಲ್ಲಿಂದ ಎಲ್ಲರಿಗೂ ಅಲ್ಲೇ ಮಲಗುವ ಆಸೆ. ಆಮೇಲೆ ಬಂತು 14ನೇ ಶತಮಾನದ ಪ್ಲೇಗು, ಅದರ ಹಿಂದೆ ಹುಸ್ಸೈಟ್ ಎಂಬ ಧರ್ಮದ ಜಗಳದ ಯುದ್ಧಗಳು. ಹಳಬರನ್ನು ಎಬ್ಬಿಸದೆ ಹೊಸಬರಿಗೆ ಜಾಗವಿಲ್ಲ ಅನ್ನುವ ಸ್ಥಿತಿ. 40 ಸಾವಿರಕ್ಕೂ ಜಾಸ್ತಿ ಜನರ ಎಲುಬು ರಾಶಿ ಬಿತ್ತು. 1870ರಲ್ಲಿ ಫ್ರಾಂಟಿಶೆಕ್ ರಿಂಟ್ ಎಂಬ ಮರದ ಕೆತ್ತನೆಯವನಿಗೆ ಅದನ್ನು ಓರಣ ಮಾಡುವ ಕೆಲಸ ಸಿಕ್ಕಿತು. ಅವನು ಮಾಡಿದ ತೂಗುದೀಪದಲ್ಲಿ ಮನುಷ್ಯನ ಮೈಯ ಎಲ್ಲ ಬಗೆಯ ಎಲುಬೂ ಒಂದೊಂದಾದರೂ ಇದೆ ಅನ್ನುತ್ತಾರೆ. ಗೋಡೆಯ ಮೇಲೆ ತನ್ನ ಸಹಿಯನ್ನೂ ಎಲುಬಿನಲ್ಲೇ ಹಾಕಿದ್ದಾನೆ ಪುಣ್ಯಾತ್ಮ.

ಪ್ಯಾರಿಸಿನದ್ದು ಇನ್ನೂ ದೊಡ್ಡ ರಗಳೆ. 1780ರಲ್ಲಿ ಅಲ್ಲಿನ ಹಳೆಯ ಸಿಮಿಸ್ತ್ರಿಯ ಭಾರಕ್ಕೆ ಪಕ್ಕದ ಮನೆಯ ನೆಲಮಾಳಿಗೆಯ ಗೋಡೆಯೇ ಕುಸಿಯಿತು. 1786ರಿಂದ ಎಲುಬುಗಳನ್ನು ಊರ ಕೆಳಗಿನ ಹಳೆಯ ಸುಣ್ಣಕಲ್ಲಿನ ಕೋರೆಗಳಿಗೆ ಸಾಗಿಸಿದರು. ಈಗ ಅಲ್ಲಿರುವುದು ಸುಮಾರು 60 ಲಕ್ಷ ಜನರ ಎಲುಬು. ಪೋರ್ಚುಗಲ್ಲಿನ ಎವೊರಾದ ಎಲುಬಿನ ಗುಡಿಯ ಬಾಗಿಲ ಮೇಲೆ ಒಂದು ಮಾತು ಕೊರೆದಿದೆ: ಇಲ್ಲಿರುವ ಎಲುಬುಗಳಾದ ನಾವು ನಿಮ್ಮ ಎಲುಬುಗಳಿಗಾಗಿ ಕಾಯುತ್ತಿದ್ದೇವೆ. ಇದನ್ನು ಓದಿ ಹೇಳಿದಾಗ ಬಾಯಮ್ಮ, "ಕಾಯಲಿ, ನನಗೇನೂ ಅವಸರ ಇಲ್ಲ" ಅಂದರು.

ಕೇರಳದ ಕೆಲವು ಇಗರ್ಜಿಗಳಲ್ಲೂ 'ಅಸ್ಥಿಕ್ಕುಳಿ' ಅಂತ ಇರುತ್ತದೆ. ಗುಂಡಿಯನ್ನು ಮತ್ತೆ ತೆರೆದಾಗ ಸಿಕ್ಕಿದ ಎಲುಬನ್ನು ಅದಕ್ಕೆ ಹಾಕುತ್ತಾರೆ. ಅಂದರೆ ಕೆಲವು ವರ್ಷಗಳಲ್ಲಿ ತೆಗೆದರೆ ಇಲ್ಲಿಯೂ ಎಲುಬು ಸಿಗುತ್ತದೆ. ನೂರಾರು ವರ್ಷ ಬಿಟ್ಟರೆ ಕತೆ ಬೇರೆ.

ನಮಗೆಲ್ಲ ಎಲುಬು ಅಂದರೆ ಕಲ್ಲಿನ ಹಾಗೆ, ಮಾಂಸ ಹೋದರೂ ಅದು ಹೋಗುವುದಿಲ್ಲ ಅಂತ ಒಂದು ನಂಬಿಕೆ. ಹಾಗೇನಿಲ್ಲ. ಅಜ್ಜನ ಕಾಲದಲ್ಲಿ ಮಣ್ಣಿನ ಗೋಡೆ ಹಾಕುವಾಗ ಬೈಹುಲ್ಲು ಕತ್ತರಿಸಿ ಕಲಸುತ್ತಿದ್ದರು ಅಲ್ವಾ? ಎಲುಬು ಥೇಟ್ ಹಾಗೆ. ಹುಲ್ಲಿನ ಜಾಗದಲ್ಲಿ ಕೊಲಾಜೆನ್ ಎಂಬ ಪ್ರೋಟೀನಿನ ನಾರು. ಮಣ್ಣಿನ ಜಾಗದಲ್ಲಿ ಕ್ಯಾಲ್ಸಿಯಂ, ಫಾಸ್ಫೇಟ್ ಸೇರಿದ ಅಪಟೈಟ್ ಜಾತಿಯ ಖನಿಜ. ತೂಕದಲ್ಲಿ ಮೂರರಲ್ಲಿ ಎರಡು ಪಾಲು ಖನಿಜವೇ. ಖನಿಜ ನಾರನ್ನು ಸುತ್ತಿಕೊಂಡು ಸೂಕ್ಷ್ಮಜೀವಿಗಳಿಂದ ಕಾಯುತ್ತದೆ. ನಾರು ಖನಿಜವನ್ನು ಹಿಡಿದಿಟ್ಟು ಪುಡಿಯಾಗದ ಹಾಗೆ ಕಾಯುತ್ತದೆ. ಒಬ್ಬ ಬಿದ್ದರೆ ಇನ್ನೊಬ್ಬನೂ ಬಿದ್ದ.

ನೋಡಬೇಕಾದರೆ ಒಂದು ಕೋಳಿ ಎಲುಬನ್ನು ವಿನೆಗರಿನಲ್ಲಿ ಒಂದು ವಾರ ಮುಳುಗಿಸಿಡಿ. ನಮ್ಮ ಮನೆಗೆ ಕೋಳಿ ಬರುವುದಿಲ್ಲ, ಹಾಗಾಗಿ ಬಾಯಮ್ಮನ ಅಡಿಗೆಮನೆಯೇ ನನ್ನ ಪ್ರಯೋಗಶಾಲೆಯಾಯಿತು. ಹುಳಿ ಖನಿಜವನ್ನು ಕರಗಿಸುತ್ತದೆ, ನಾರು ಮಾತ್ರ ಉಳಿಯುತ್ತದೆ, ಎಲುಬು ರಬ್ಬರಿನ ಹಾಗೆ ಬಾಗುತ್ತದೆ. ಇನ್ನೊಂದು ಎಲುಬನ್ನು ಒಲೆಗೆ ಹಾಕಿ. ನಾರು ಸುಟ್ಟು ಖನಿಜ ಉಳಿಯುತ್ತದೆ. ನೋಡಲು ಎಲುಬೇ, ಅದುಮಿದರೆ ಹಪ್ಪಳ.

ಈಗ ವಿನೆಗರಿನ ಜಾಗದಲ್ಲಿ ನಮ್ಮ ಮುರಕಲ್ಲಿನ ನೆಲವನ್ನು ಇಡಿ. ಕಾಸರಗೋಡಿನಲ್ಲಿ ವರ್ಷಕ್ಕೆ ಸುಮಾರು 3500 ಮಿಲಿಮೀಟರ್ ಮಳೆ. ಗಾಳಿಯ ಇಂಗಾಲದ ಡೈ ಆಕ್ಸೈಡ್ ಕರಗಿರುವುದರಿಂದ ಮಳೆನೀರೇ ಸ್ವಲ್ಪ ಹುಳಿ. ಅದು ಲಕ್ಷಾಂತರ ವರ್ಷ ನೆಲವನ್ನು ತೊಳೆದಿದೆ. ಒಂದೇ ಚಹಾ ಹುಡಿಯನ್ನು ಹತ್ತು ಸಲ ಕುದಿಸಿದರೆ ಏನು ಉಳಿಯುತ್ತದೆ? ಚರಟ. ಕ್ಯಾಲ್ಸಿಯಂ, ಮೆಗ್ನೀಸಿಯಂ, ಪೊಟ್ಯಾಸಿಯಂ ಎಲ್ಲ ಕೊಚ್ಚಿ ಹೋಗಿ ಕಬ್ಬಿಣ, ಅಲ್ಯೂಮಿನಿಯಂ ಉಳಿದ ಚರಟವೇ ಮುರಕಲ್ಲು. ಕೆಂಪು ಬಣ್ಣ ಕಬ್ಬಿಣದ ತುಕ್ಕಿನದ್ದು. ಇದಕ್ಕೆ ಇಂಗ್ಲಿಷಿನಲ್ಲಿ ಲ್ಯಾಟರೈಟ್ ಅಂತ ಹೆಸರಿಟ್ಟವನು ಫ್ರಾನ್ಸಿಸ್ ಬುಕಾನನ್, 1807ರಲ್ಲಿ. ಇಟ್ಟಿಗೆಗೆ ಇರುವ ಲ್ಯಾಟಿನ್ ಪದದಿಂದ. ಮಲಪ್ಪುರದ ಅಂಗಾಡಿಪುರದಲ್ಲಿ ಜನ ನೆಲದಿಂದಲೇ ಇಟ್ಟಿಗೆ ಕಡಿದು ತೆಗೆಯುವುದನ್ನು ನೋಡಿ ಅವನಿಗೆ ಆಶ್ಚರ್ಯವಾಯಿತು. ನಮ್ಮ ಕೋರೆಗಳಲ್ಲಿ ಈಗಲೂ ಅದೇ ನಡೆಯುತ್ತಿದೆ, ಕಡಿಯುವುದು ಮಾತ್ರ ಯಂತ್ರ.

ಇಂಥ ನೆಲದ ಪಿಎಚ್ ಎಷ್ಟೋ ಕಡೆ 5ರ ಆಸುಪಾಸು. ಹುಳಿಯೂ ಅಲ್ಲದ ಕ್ಷಾರವೂ ಅಲ್ಲದ ಮಟ್ಟ 7. ಎರಡೇ ಅಂಕ ಕಮ್ಮಿ ಅಂತ ಹಗುರವಾಗಿ ನೋಡಬೇಡಿ. ಒಂದು ಅಂಕ ಇಳಿದರೆ ಹುಳಿ ಹತ್ತು ಪಟ್ಟು, ಎರಡು ಇಳಿದರೆ ನೂರು ಪಟ್ಟು.

ತೋಟ ಇರುವವರಿಗೆ ಇದನ್ನು ಬೇರೆ ಹೇಳಬೇಕಾಗಿಲ್ಲ. ಅಡಿಕೆ ಬುಡಕ್ಕೆ ಸುಣ್ಣ ಹಾಕುವುದು ಯಾಕೆ? ಮಣ್ಣಿನ ಹುಳಿ ಮುರಿಯಲು. ಎಲುಬಿನ ಹುಡಿ ಯಾಕೆ? ಫಾಸ್ಫೇಟಿಗಾಗಿ. ರಾಕ್ ಫಾಸ್ಫೇಟ್ ಅಂತ ಚೀಲದಲ್ಲಿ ಬರುವ ಗೊಬ್ಬರವೂ ಅಪಟೈಟೇ, ಎಲುಬಿನ ಖನಿಜದ ಸೋದರ. ಬಯಲುಸೀಮೆಯ ಸುಣ್ಣದಂಶದ ಮಣ್ಣಿಗೆ ಅದನ್ನು ಹಾಕಿದರೆ ಕಲ್ಲಿನ ಹಾಗೆ ಬಿದ್ದಿರುತ್ತದೆ. ನಮ್ಮ ಹುಳಿ ಮಣ್ಣಿನಲ್ಲಿ ನಿಧಾನಕ್ಕೆ ಕರಗಿ ಬೇರಿಗೆ ಸಿಗುತ್ತದೆ. ತೋಟದಲ್ಲಿ ಎಲುಬಿನ ಹುಡಿ ಕರಗುವುದು ನಮಗೆ ಗೊತ್ತು. ಆದರೆ ಅದೇ ಮಣ್ಣಿನಲ್ಲಿ ಮನುಷ್ಯನ ಎಲುಬು ಸಾವಿರ ವರ್ಷ ಇರುತ್ತದೆ ಅಂತ ನಂಬುತ್ತೇವೆ. ಎಂಥ ಲೆಕ್ಕ ಇದು?

ಇಲ್ಲಿ ಒಂದು ತಮಾಷೆ ಇದೆ. ಸುಟ್ಟ ಎಲುಬು ಹುಳಿ ಮಣ್ಣಿನಲ್ಲಿ ಸುಡದ ಎಲುಬಿಗಿಂತ ಜಾಸ್ತಿ ಕಾಲ ಬಾಳುತ್ತದೆ! ಅದುಮಿದರೆ ಪುಡಿಯಾಗುವಂಥದ್ದು ಬಾಳುವುದು ಹೇಗೆ? ಒಂದು ಲೋಟ ನೀರಿಗೆ ಸಕ್ಕರೆ ಹುಡಿ ಹಾಕಿ, ಇನ್ನೊಂದಕ್ಕೆ ಅಷ್ಟೇ ತೂಕದ ಕಲ್ಲುಸಕ್ಕರೆ ಹಾಕಿ. ಹುಡಿ ಕಣ್ಣು ಮುಚ್ಚಿ ತೆರೆಯುವುದರೊಳಗೆ ಮಾಯ. ಕಲ್ಲುಸಕ್ಕರೆ ತಳದಲ್ಲಿ ಕೂತೇ ಇರುತ್ತದೆ. ಎರಡೂ ಸಕ್ಕರೆಯೇ, ನೀರಿಗೆ ತಾಗುವ ಮೈ ಮಾತ್ರ ಬೇರೆ. ಹಸಿ ಎಲುಬಿನ ಹರಳುಗಳು ಎಷ್ಟು ಸಣ್ಣವೆಂದರೆ ದಪ್ಪ ಕೆಲವೇ ನ್ಯಾನೋಮೀಟರ್. ಒಂದು ಗ್ರಾಂ ಹರಳುಗಳ ಮೈಯನ್ನೆಲ್ಲ ಬಿಡಿಸಿ ಹಾಸಿದರೆ ಸುಮಾರು 100 ಚದರ ಮೀಟರ್ ಆಗುತ್ತದೆ. ದೊಡ್ಡ ಅಂಗಳವೇ ಆಯಿತು. ಅಷ್ಟೂ ಜಾಗದಲ್ಲಿ ಹುಳಿಗೆ ಕಚ್ಚಲು ಅವಕಾಶ. 600 ಡಿಗ್ರಿ ದಾಟಿ ಸುಟ್ಟಾಗ ಈ ಹರಳುಗಳು ಒಂದಕ್ಕೊಂದು ಬೆಸೆದು ದೊಡ್ಡದಾಗುತ್ತವೆ. ಸಕ್ಕರೆ ಹುಡಿ ಕಲ್ಲುಸಕ್ಕರೆಯಾದ ಹಾಗೆ. ಹಸಿ ಮಣ್ಣಿನ ಮಡಕೆ ಮಳೆಗೆ ಕರಗುತ್ತದೆ, ಆವಿಗೆಯಲ್ಲಿ ಬೆಂದದ್ದು ಕರಗುವುದಿಲ್ಲ, ಹೆಚ್ಚುಕಮ್ಮಿ ಅದೇ ಲೆಕ್ಕ. ಸಂಚಯನದ ದಿನ ಬೂದಿಯಿಂದ ಹೆಕ್ಕುವ ಬಿಳಿ ಚೂರುಗಳು ಪಿಂಗಾಣಿಯ ಹಾಗೆ ಕಣ್ ಕಣ್ ಅನ್ನುವುದು ಇದಕ್ಕೇ.

ಉಳಿಯಬಹುದಾದ ಎಲುಬನ್ನು ನಾವು ಹೊಳೆಗೆ ಬಿಡುತ್ತೇವೆ. ಉಳಿಯಲಿ ಅಂತ ಹೂಳಿದ ಎಲುಬನ್ನು ನೆಲ ತಿನ್ನುತ್ತದೆ.

ಇದು ಗೊತ್ತಿಲ್ಲದ ಕಾರಣ ಹುಟ್ಟಿದ ಕತೆಗಳು ಎಷ್ಟೋ. ನಮ್ಮ ಜಿಲ್ಲೆಯ ಗುಡ್ಡೆಗಳಲ್ಲಿ ಕೆಂಪುಕಲ್ಲು ಕೊರೆದು ಮಾಡಿದ ಗುಂಡನೆಯ ಕೋಣೆಗಳು ಆಗಾಗ ಸಿಗುತ್ತವೆ. ಮೇಲೊಂದು ತೂತು, ಬದಿಯಲ್ಲೊಂದು ಗಿಡ್ಡ ಬಾಗಿಲು, ಒಳಗೆ ಮಡಕೆಗಳು. ಮಲಯಾಳದಲ್ಲಿ ಚೆಂಗಲ್ಲರ ಅನ್ನುತ್ತಾರೆ. ಸಿಕ್ಕಿದ ಮರುದಿನವೇ ಮೊಬೈಲಿನಲ್ಲಿ ಸುದ್ದಿ ಹರಿದಾಡುತ್ತದೆ: ಪಾಂಡವರು ಅಡಗಿದ್ದ ಗುಹೆ, ಮುನಿಗಳು ತಪಸ್ಸಿಗೆ ಕೂತ ಗುಹೆ. ಎಲುಬಿಲ್ಲವಲ್ಲ, ಸಮಾಧಿ ಹೇಗಾಗುತ್ತದೆ ಅಂತ ವಾದ ಬೇರೆ. ಇವು ಎರಡು ಸಾವಿರ ವರ್ಷ ಹಿಂದಿನ, ಕಬ್ಬಿಣ ಬಳಸುತ್ತಿದ್ದ ಜನರು ಸತ್ತವರಿಗಾಗಿ ಮಾಡಿದ ಕೋಣೆಗಳು. ಎಲುಬು ಸಿಗದಿದ್ದರೆ ಎಲುಬು ಇರಲಿಲ್ಲ ಅಂತಲ್ಲ. ಎರಡು ಸಾವಿರ ಮಳೆಗಾಲ ಕಳೆದಿದೆ, ಅಷ್ಟೆ.

ಇಂಗ್ಲೆಂಡಿನಲ್ಲೂ ಇದೇ ಎಡವಟ್ಟು ಆಗಿತ್ತು. 1939ರಲ್ಲಿ ಸಟನ್ ಹೂ ಎಂಬಲ್ಲಿ ದಿಬ್ಬ ಅಗೆದಾಗ 27 ಮೀಟರ್ ಉದ್ದದ ಹಡಗಿನ ಅಚ್ಚು, ಚಿನ್ನ, ಖಡ್ಗ ಎಲ್ಲ ಸಿಕ್ಕಿತು. ಹೆಣ ಮಾತ್ರ ಇಲ್ಲ. ಸತ್ತವನ ನೆನಪಿಗೆ ಮಾಡಿದ ಖಾಲಿ ಸಮಾಧಿ ಇರಬೇಕು ಅಂದರು ಕೆಲವರು. ಆಮೇಲೆ ಫಾಸ್ಫೇಟ್ ಪರೀಕ್ಷೆ ನಡೆಯಿತು. ದೇಹ ಇರಬೇಕಾಗಿದ್ದ ಜಾಗದಲ್ಲಿ ಫಾಸ್ಫೇಟ್ ಜಾಸ್ತಿ! ಹುಳಿ ಮರಳು ದೇಹವನ್ನು ಕರಗಿಸಿ, ಲೆಕ್ಕ ಮಾತ್ರ ಉಳಿಸಿತ್ತು. ನಮ್ಮ ಕೆಂಪು ಮಣ್ಣು ಈ ವಿಷಯದಲ್ಲಿ ಇನ್ನೂ ಜಿಪುಣ. ಅದರಲ್ಲಿರುವ ಕಬ್ಬಿಣ, ಅಲ್ಯೂಮಿನಿಯಂ ಫಾಸ್ಫೇಟನ್ನು ಗಟ್ಟಿಯಾಗಿ ಹಿಡಿದುಕೊಂಡು ಸುಲಭಕ್ಕೆ ಬಿಡುವುದಿಲ್ಲ. ಹಾಕಿದ ಗೊಬ್ಬರ ಮರಕ್ಕೆ ಏರುವುದಿಲ್ಲ ಅಂತ ತೋಟದವರು ಗೊಣಗುವುದು ಇದೇ ಕಾರಣಕ್ಕೆ.

ಸುಣ್ಣದ ವಿಷಯ ಬಂದದ್ದಕ್ಕೆ ಇನ್ನೊಂದು. ಸುಣ್ಣ ಹಾಕಿದರೆ ಹೆಣ ಬೇಗ ಕರಗುತ್ತದೆ ಅಂತ ಪತ್ತೇದಾರಿ ಕತೆಗಳಲ್ಲಿ ಓದಿರುತ್ತೀರಿ. ತಪ್ಪು. ಹಂದಿಗಳ ಕಳೇಬರ ಹೂತು ಪರೀಕ್ಷೆ ಮಾಡಿದ್ದಾರೆ. ಸುಣ್ಣ ಕೊಳೆಯುವುದನ್ನು ನಿಧಾನ ಮಾಡುತ್ತದೆ. ಅದರ ಕ್ಷಾರಕ್ಕೆ ಸೂಕ್ಷ್ಮಜೀವಿಗಳು ಸಾಯುತ್ತವೆ, ಸುತ್ತ ಗಟ್ಟಿ ಚಿಪ್ಪು ಕಟ್ಟುತ್ತದೆ. ಸಂತ ಫ್ರಾನ್ಸಿಸ್ ಕ್ಸೇವಿಯರ್ 1552ರ ಡಿಸೆಂಬರಿನಲ್ಲಿ ಚೀನಾದ ಹತ್ತಿರದ ದ್ವೀಪದಲ್ಲಿ ತೀರಿಕೊಂಡಾಗ ಪೆಟ್ಟಿಗೆಗೆ ಸುಣ್ಣ ತುಂಬಿದ್ದರು. ಮಾಂಸ ಬೇಗ ಹೋದರೆ ಎಲುಬನ್ನು ಒಯ್ಯಲು ಸುಲಭ ಅಂತ. ತಿಂಗಳುಗಳ ನಂತರ ತೆರೆದಾಗ ದೇಹ ಹಾಗೇ ಇತ್ತು. ಅದು ಪವಾಡವೋ ಅಲ್ಲವೋ ಅನ್ನುವುದು ನಂಬುವವರಿಗೆ ಬಿಟ್ಟದ್ದು, ನಾನು ಬಾಯಿ ಹಾಕುವುದಿಲ್ಲ. ಸುಣ್ಣದ ಗುಣ ಮಾತ್ರ ಅವರು ಎಣಿಸಿದ್ದಕ್ಕೆ ತದ್ವಿರುದ್ಧ.

ಎಲುಬು ಉಳಿದರೂ ಹೆಸರಿಲ್ಲದಿದ್ದರೆ ಎಷ್ಟು ಪ್ರಯೋಜನ? ಆಸ್ಟ್ರಿಯಾದ ಹಾಲ್‌ಸ್ಟಾಟ್ ಬೆಟ್ಟಕ್ಕೂ ಸರೋವರಕ್ಕೂ ನಡುವೆ ಸಿಕ್ಕಿಕೊಂಡ ಊರು. ಜಾಗದ ಬರದಿಂದ ಹತ್ತು ಹದಿನೈದು ವರ್ಷಕ್ಕೆ ಗುಂಡಿ ತೆರೆದು ತಲೆಬುರುಡೆ ಹೊರಗೆ ತೆಗೆಯುತ್ತಿದ್ದರು. ಬಿಸಿಲಿಗೆ ಒಣಗಿಸಿ ಹಣೆಯ ಮೇಲೆ ಹೂಮಾಲೆ, ಎಲೆ, ಸತ್ತವರ ಹೆಸರು ಬರೆಯುತ್ತಿದ್ದರು. 1200ರಷ್ಟು ಬುರುಡೆಗಳಲ್ಲಿ 600ಕ್ಕೂ ಹೆಚ್ಚಿಗೆ ಇಂಥ ಬಣ್ಣವಿದೆ. ಇಗರ್ಜಿಯ ದಾಖಲೆ ಪುಸ್ತಕ ತೆರೆದರೆ ಈ ಹೆಸರಿನವರ ಅಪ್ಪ ಯಾರು, ಅಜ್ಜಿ ಯಾರು ಅಂತ ಸಿಗುತ್ತದೆ. ಜ್ಞಾನಸ್ನಾನ, ಮದುವೆಗಳ ದಾಖಲೆ ಇಡಬೇಕು ಅಂತ ಕೆಥೊಲಿಕರ ಟ್ರೆಂಟ್ ಮಹಾಸಭೆ 1563ರಲ್ಲೇ ವಿಧಿಸಿತ್ತು. ಬುರುಡೆ ಒಂದು ಕೈಯಲ್ಲಿ, ವಂಶವೃಕ್ಷ ಇನ್ನೊಂದು ಕೈಯಲ್ಲಿ ಹಿಡಿದು ವಿಜ್ಞಾನಿಗಳು ತಲೆಯ ಆಕಾರ ಎಷ್ಟು ಮಟ್ಟಿಗೆ ಹುಟ್ಟಿನಿಂದ ಬರುತ್ತದೆ ಅಂತ ಅಳೆದರು. ಮುಖದ ಒಂದು ಭಾಗ ಬದಲಾದರೆ ಉಳಿದ ಭಾಗಗಳೂ ಜೊತೆಗೆ ಎಳೆದುಕೊಂಡು ಬರುತ್ತವೆ ಅಂತ ಅಲ್ಲಿ ಕಂಡಿತು. ಹೂ ಬರೆದವರಿಗೆ ಇದೆಲ್ಲ ಕನಸಿನಲ್ಲೂ ಹೊಳೆದಿರಲಿಕ್ಕಿಲ್ಲ.

ನಮ್ಮ ಹತ್ತಿರದ ಗೋವೆಯಲ್ಲೂ ಪುಸ್ತಕವೇ ದಾರಿ ತೋರಿಸಿತು. ಜಾರ್ಜಿಯಾದ ರಾಣಿ ಕೆಟೆವಾನ್‌ಳನ್ನು 1624ರಲ್ಲಿ ಇರಾನಿನ ಶಿರಾಜಿನಲ್ಲಿ ಕೊಂದರು. ಅಗಸ್ಟೀನಿಯನ್ ಪಾದ್ರಿಗಳು ಅವಳ ಎಲುಬುಗಳಲ್ಲಿ ಕೆಲವನ್ನು ಹಳೆ ಗೋವೆಗೆ ತಂದರು. ಅವನ್ನು ಎಲ್ಲಿಟ್ಟರು ಅಂತ ಹಳೆಯ ಪೋರ್ಚುಗೀಸ್ ಬರಹದಲ್ಲಿತ್ತು: ಮಠದ ಇಂಥ ಗುಡಿಯ ಎರಡನೇ ಕಿಟಕಿಯಲ್ಲಿ. ಮಠವೇ ಕುಸಿದು ಹಾಳು ಬಿದ್ದಿತ್ತು, ಕಿಟಕಿ ಹುಡುಕುವುದೇ ಕಷ್ಟ. 2004ರಲ್ಲಿ ಪುರಾತತ್ವ ಇಲಾಖೆಗೆ ತೋಳಿನ ಎಲುಬು ಸಿಕ್ಕಿತು. ಹೈದರಾಬಾದಿನ ಸಿಸಿಎಂಬಿ ಎಂಬ ಜೀವವಿಜ್ಞಾನ ಸಂಶೋಧನಾಲಯದಲ್ಲಿ ಡಿಎನ್‌ಎ ನೋಡಿದರು. ತಾಯಿಯ ಕಡೆಯಿಂದ ಬರುವ ಆ ಗುರುತು ಭಾರತದವರಲ್ಲಿ ಕಾಣಲಿಲ್ಲ, ಜಾರ್ಜಿಯಾದವರಲ್ಲಿ ಸಿಕ್ಕಿತು. 2021ರಲ್ಲಿ ಭಾರತ ಅದರ ಒಂದು ಭಾಗವನ್ನು ಜಾರ್ಜಿಯಾಕ್ಕೆ ಕೊಟ್ಟಿತು. ಬರೆದಿಟ್ಟ ಆ ಒಂದು ಸಾಲು ಇಲ್ಲದಿದ್ದರೆ ಅದು ಹಾಳು ಮಠದ ಯಾರದ್ದೋ ತೋಳು.

ಇಷ್ಟೆಲ್ಲ ಕೇಳಿದ ಮೇಲೆ ಬಾಯಮ್ಮ ಸ್ವಲ್ಪ ಹೊತ್ತು ಸುಮ್ನೆ ಕೂತರು. "ಹಾಗಾದ್ರೆ ನನ್ನ ಅಜ್ಜ ಈಗ ಅಲ್ಲಿ ಇಲ್ಲ ಅಂತಲಾ?" ಪ್ರತಿ ನವೆಂಬರ್ 2ಕ್ಕೆ, ಸತ್ತವರನ್ನು ನೆನೆಯುವ ದಿನ, ಅವರು ಅಲ್ಲಿ ಮೇಣದ ಬತ್ತಿ ಹಚ್ಚುವುದು ನನಗೆ ಗೊತ್ತು. ಫಾಸ್ಫೇಟ್ ಅಲ್ಲೇ ಇದೆ, ಕೆಂಪು ಮಣ್ಣು ಬಿಟ್ಟುಕೊಟ್ಟಿಲ್ಲ ಅಂದೆ.

"ಅಜ್ಜನೂ ಹಾಗೇ ಇದ್ದರು, ಕೊಟ್ಟದ್ದು ಹಿಂದೆ ಬರ್ತಿರಲಿಲ್ಲ," ಅಂದರು. ಒಳಗೆ ಹೋಗಿ ವಿನೆಗರಿನ ಬಾಟಲಿ ತಂದು ನನ್ನ ಮುಂದಿಟ್ಟರು. ಎಲುಬಿಗೆ ಯಾರೋ ಚಂದ ಒಂದು ಗಂಟು ಹಾಕಿದ್ದರು. "ಮೊಮ್ಮಗನ ಕೆಲಸ. ವಿನೆಗರ್ ಹೊಸತು ತಂದು ಕೊಡಿ ಆಯ್ತಾ?"