ಲ್ಯಾಮಿನೇಟ್ ನೆಲ ಗೋಡೆಗೆ ತಾಗದಿರಲಿ

ಬೆಳಗಾವಿಯಲ್ಲಿ ಮಳೆ ಹಿಡಿಯಿತೆಂದರೆ ಫ್ಲೋರಿಂಗ್ ಕೆಲಸದವರಿಗೆ ಒಂದೇ ತರಹದ ಫೋನ್ ಬರುತ್ತವೆ. "ನೆಲ ಮ್ಯಾಲ ಎದ್ದೇತ್ರಿ, ಕಾಲಿಟ್ರ ದಬ್ ದಬ್ ಅಂತೇತಿ." ಮಾಲೇ ಕಳಪೆ ಅಂತ ಮನೆಯವರ ಅನುಮಾನ. ನಾನು ಮೊದಲು ಸ್ಕರ್ಟಿಂಗ್, ಅಂದರೆ ಗೋಡೆಯ ಬುಡದ ಪಟ್ಟಿ, ಬಿಚ್ಚಿಸುತ್ತೇನೆ. ಹೆಚ್ಚಿನ ಸಲ ಕಾರಣ ಅಲ್ಲೇ ಸಿಗುತ್ತದೆ. ಹಲಗೆ ಗೋಡೆಗೆ ಒತ್ತಿಕೊಂಡು ಕೂತಿರುತ್ತದೆ.

ಲ್ಯಾಮಿನೇಟ್ ಹಲಗೆಯ ಹೊಟ್ಟೆಯಲ್ಲಿರುವುದು ಎಚ್‌ಡಿಎಫ್, ಅಂದರೆ ಮರದ ನಾರನ್ನು ಒತ್ತಿ ಮಾಡಿದ ಹಾಳೆ. ಗಾಳಿಯ ತೇವ ಕುಡಿದರೆ ಅದು ಹಿಗ್ಗುತ್ತದೆ, ಒಣಗಿದರೆ ಕುಗ್ಗುತ್ತದೆ. ಹಲಗೆಗಳನ್ನು ನೆಲಕ್ಕೆ ಅಂಟಿಸಿರುವುದಿಲ್ಲ. ಒಂದಕ್ಕೊಂದು ಲಾಕ್ ಆಗಿ, ಫೋಮ್ ಮೇಲೆ ಇಡೀ ನೆಲ ಒಂದೇ ತುಂಡಾಗಿ ಸುಮ್ನೆ ಕೂತಿರುತ್ತದೆ. ಹಿಗ್ಗಲು ಬದಿಯಲ್ಲಿ ಜಾಗ ಇಲ್ಲದಿದ್ದರೆ ಅದು ಮೇಲಕ್ಕೇ ಏಳಬೇಕು, ಅಲ್ವಾ?

ನಮ್ಮ ಕಡೆ ಇನ್ನೊಂದು ತೊಂದರೆ ಇದೆ. ಏಪ್ರಿಲ್, ಮೇನಲ್ಲಿ ವಾಸ್ತುಶಾಂತಿಯ ಮುಹೂರ್ತ ನೋಡಿ, ಅದಕ್ಕೆ ಮುಂಚೆ ನೆಲ ಮುಗಿಸಿ ಅಂತಾರೆ. ಆಗ ಗಾಳಿ ಒಣಗಿರುತ್ತದೆ, ಹಲಗೆ ಕುಗ್ಗಿರುತ್ತದೆ. ಜೂನ್ ದಾಟಿ ಘಟ್ಟದ ಕಡೆಯ ಮಳೆ ಶುರುವಾದರೆ ವಾರಗಟ್ಟಲೆ ಬಟ್ಟೆಯೇ ಒಣಗುವುದಿಲ್ಲ. ಬೇಸಿಗೆಯಲ್ಲಿ ಗೋಡೆಗೆ ತಾಗಿಸಿ ಹಾಕಿದ ನೆಲ ಆಗ ಎಲ್ಲಿಗೆ ಹೋಗಬೇಕು? ವಿಜಯಪುರದಲ್ಲಿ ಮಳೆ ಕಡಿಮೆ, ಆದರೂ ಅಲ್ಲಿ ಗೋಡೆ ಪಕ್ಕ ಗ್ಯಾಪ್ ಬೇಡ ಅನ್ನುವ ಮಾತಿಲ್ಲ.

ಸುತ್ತಲೂ 8ರಿಂದ 12 ಮಿ.ಮೀ. ಬಿಡಿ. ಕೋಣೆ ದೊಡ್ಡದಾದಷ್ಟೂ ಜಾಸ್ತಿ ಬೇಕು. ಕಂಪನಿಯ ಸೂಚನೆ ಹಾಳೆಯಲ್ಲಿ ಬರೆದ ಅಳತೆಯೇ ಕೊನೆಯ ಮಾತು. ಗ್ಯಾಪ್ ಹಿಡಿಯುವ ಪ್ಲಾಸ್ಟಿಕ್ ಬೆಣೆ ಕೈಯಲ್ಲಿ ಇಲ್ಲದಿದ್ದರೆ 8 ಮಿ.ಮೀ. ಹಲಗೆಯದೇ ತುಂಡನ್ನು ಗೋಡೆಗೆ ನಿಲ್ಲಿಸಿ ಹಚ್ಚಿದರೆ ಸರಿಯಾಗಿ 8 ಮಿ.ಮೀ. ಸಿಗುತ್ತದೆ. ಕೆಲಸ ಮುಗಿದ ಮೇಲೆ ಆ ತುಂಡುಗಳನ್ನು ತೆಗೆಯಲೇಬೇಕು. ಅವಸರದಲ್ಲಿ ಒಳಗೇ ಬಿಟ್ಟು ಸ್ಕರ್ಟಿಂಗ್ ಹೊಡೆದರೆ ಗ್ಯಾಪ್ ಬಿಟ್ಟೂ ಬಿಡದ ಹಾಗೆ.

ಗೋಡೆಯ ಕಡೆ ಎಲ್ಲರೂ ನೋಡುತ್ತಾರೆ. ತಪ್ಪಾಗುವುದು ಬಾಗಿಲ ಚೌಕಟ್ಟು, ಕಂಬ, ಪೈಪ್ ಹತ್ತಿರ. ನೆಲ ಒಂದು ಕಡೆ ಸಿಕ್ಕಿಕೊಂಡರೂ ಸಾಕು, ಅಲ್ಲೇ ಉಬ್ಬುತ್ತದೆ. ಚೌಕಟ್ಟಿನ ಬುಡವನ್ನು ಹಲಗೆ, ಫೋಮ್ ಎರಡೂ ಸೇರಿದ ದಪ್ಪಕ್ಕೆ ಕೊಯ್ದು ಹಲಗೆಯನ್ನು ಅದರಡಿ ಸರಿಸಿ, ಒಳಗೂ ಗ್ಯಾಪ್ ಇರಲಿ. ಹಾಲ್‌ನಿಂದ ಬೆಡ್‌ರೂಮಿಗೆ ಒಂದೇ ಓಟದಲ್ಲಿ ಹಾಕಬೇಡಿ. ಬಾಗಿಲಲ್ಲಿ ತುಂಡರಿಸಿ, ನಡುವಿನ ಸಂದು ಮುಚ್ಚುವ ಟಿ ಪಟ್ಟಿ ಕೂಡಿಸಿ. ಆ ಪಟ್ಟಿ ಕೆಳಗಿನ ಕಾಂಕ್ರೀಟಿಗೆ, ಸ್ಕರ್ಟಿಂಗ್ ಗೋಡೆಗೆ. ಎರಡನ್ನೂ ಹಲಗೆಗೆ ಮೊಳೆ ಹೊಡೆಯಬಾರದು.

"ಸಂದ್ಯಾಗ ಕಸ ಹೋಗ್ತೇತ್ರಿ, ಬಿಳಿ ಸಿಮೆಂಟ್ ತುಂಬ್ರಿ" ಅಂತ ಕೇಳುವವರಿದ್ದಾರೆ. ದಯವಿಟ್ಟು ಬೇಡ. ಸಂದನ್ನು ಮುಚ್ಚುವುದಕ್ಕೇ ಸ್ಕರ್ಟಿಂಗ್ ಇರುವುದು. 12 ಮಿ.ಮೀ. ಗ್ಯಾಪ್‌ಗೆ ಅದಕ್ಕಿಂತ ದಪ್ಪದ್ದನ್ನೇ ತನ್ನಿ. ಅಡುಗೆಮನೆಯ ಕಟ್ಟಿದ ಕಪಾಟನ್ನು ಲ್ಯಾಮಿನೇಟ್ ಮೇಲೆ ಕೂಡಿಸಬೇಡಿ, ಆ ಭಾರಕ್ಕೆ ನೆಲ ಅಲ್ಲೇ ಕಚ್ಚಿಕೊಳ್ಳುತ್ತದೆ.

ಈಗಾಗಲೇ ಉಬ್ಬಿದ್ದರೆ ಪೂರ್ತಿ ಕೀಳಬೇಕೆಂದಿಲ್ಲ. ಸ್ಕರ್ಟಿಂಗ್ ತೆಗೆದು, ಎಲ್ಲಿ ತಾಗಿದೆಯೋ ಅಲ್ಲಿ ಅಂಚನ್ನು ಕೊಯ್ಯಿಸಿ. ಲಾಕ್ ಮುರಿಯದಿದ್ದರೆ, ಹಲಗೆ ನೀರು ಕುಡಿದು ಊದಿಕೊಂಡಿರದಿದ್ದರೆ, ಉಬ್ಬು ಮೆಲ್ಲಗೆ ತಾನೇ ಇಳಿಯುತ್ತದೆ. ಇಳಿಯುವವರೆಗೆ ಅದರ ಮೇಲೆ ಭಾರ ಹೇರಿ ಒತ್ತಬೇಡಿ, ಲಾಕ್ ಒಡೆಯುತ್ತದೆ.